ಹೊಸ್ತಿಲಿನ ಈ ಕಡೆಯ ಟೈಪಿಸ್ಟು

ಟೈಪಿಸ್ಟ್ ಆದವಳಿಗೆ ಕಣ್ಣು ಮತ್ತು ಬೆರಳು ಇದ್ದರೆ ಸಾಕು, ತಲೆ ಬೇಡ ಎಂದು ಕಲಬುರ್ಗಿಯಲ್ಲಿ ನನಗೆ ಟೈಪಿಂಗ್ ಕಲಿಸಿದ ಮಾಸ್ತರರು ಹೇಳುತ್ತಿದ್ದರು. ತಲೆ ಉಪಯೋಗಿಸಿದರೆ ಸ್ಪೀಡು ಬೀಳುತ್ತದೆಯಂತೆ. ಮಾಸ್ತರರ ಮೇಲೆ ನನಗೆ ಗೌರವವಿದೆ, ಆದರೆ ಅದು ಶುದ್ಧ ಸುಳ್ಳು. ಜೀವಮಾನವಿಡೀ ಬೇರೆಯವರ ಮಾತನ್ನೇ ಕಾಗದಕ್ಕೆ ಇಳಿಸಿದವಳು ನಾನು. ತಲೆ ಬೇಡ ಎಂದುಕೊಂಡು ಕೂತಿದ್ದರೆ ಇಬ್ಬರು ಮುದುಕರ ಸ್ನೇಹ ನನ್ನ ಮೇಜಿನ ಮೇಲೆಯೇ ಸತ್ತುಹೋಗುತ್ತಿತ್ತು.

ಈಗ ಇದನ್ನು ಬರೆಯಲು ಕಾರಣವಿದೆ. ಈಚೆಗೆ ಫಾದರ್ ರಾಯಪ್ಪನವರ ಬಗ್ಗೆ ಯಾರೋ ಪಂಡಿತರು ಬರೆದ ಲೇಖನ ಕೈಗೆ ಬಂತು. ಗೆಳೆಯರ ಹಂಗಿಲ್ಲದೆ, ಲೋಕದ ಸದ್ದಿಲ್ಲದೆ, ಏಕಾಂತದಲ್ಲಿ ಬರೆದ ಸಂತ ಎಂದು ಹೊಗಳಿದ್ದಾರೆ. ಓದಿ ನನಗೆ ಮೈಯೆಲ್ಲ ಉರಿದುಹೋಯಿತು. ಗೆಳೆಯರ ಹಂಗಿಲ್ಲದೆಯಂತೆ! ಹಾಗಾದರೆ ಅಷ್ಟು ವರ್ಷ ಕಟ್ಟುಗಟ್ಟಲೆ ಕಾಗದ ಟೈಪು ಮಾಡಿ ನಾನು ಬಾವಿಗೆ ಹಾಕುತ್ತಿದ್ದೆನೇ? ಪಂಡಿತರು ಒಂದು ಸಲ ನಮ್ಮ ಮನೆ ಬಾಗಿಲು ತಟ್ಟಿದ್ದರೆ ಚಹಾ ಕೊಟ್ಟು ಎಲ್ಲ ಹೇಳುತ್ತಿದ್ದೆ. ತಟ್ಟಲಿಲ್ಲ. ಆದ್ದರಿಂದ ನಾನೇ ಬರೆಯುತ್ತೇನೆ. ಬೇರೆಯವರ ಮಾತು ಬರೆದುಕೊಳ್ಳುವ ಕೆಲಸಕ್ಕೆ ಈಗ ಸೇರುತ್ತಿರುವ ಹುಡುಗಿಯರು ಓದಲಿ, ಪಂಡಿತರು ಬಿಟ್ಟರೂ ಚಿಂತೆಯಿಲ್ಲ.

ಮದುವೆಯಾಗಿ ಹೈದರಾಬಾದಿಗೆ ಬಂದಾಗ ನನ್ನ ಟ್ರಂಕಿನಲ್ಲಿ ಕನ್ನಡ ಟೈಪಿಂಗ್ ಸೀನಿಯರ್ ಪಾಸಾದ ಸರ್ಟಿಫಿಕೇಟ್ ಇತ್ತು. ನಮ್ಮವರಿಗೆ ಸರ್ಕಾರಿ ಎಲೆಕ್ಟ್ರಾನಿಕ್ಸ್ ಕಾರ್ಖಾನೆಯಲ್ಲಿ ಕೆಲಸ, ಕುಷಾಯಿಗೂಡದಲ್ಲಿ ಮನೆ. ಹೊರಗೆ ತೆಲುಗು, ಬಸ್ಸಿನಲ್ಲಿ ಹಿಂದಿ, ಮನೆಯೊಳಗೆ ಮಾತ್ರ ಕನ್ನಡ. ಆ ಊರಿನಲ್ಲಿ ಕನ್ನಡ ಟೈಪಿಸ್ಟ್ ಯಾರಿಗೆ ಬೇಕು? ಉಪ್ಪಿನಕಾಯಿ ಹಾಕುವ ಸರ್ಟಿಫಿಕೇಟ್ ಇದ್ದಿದ್ದರೆ ನಾಲ್ಕು ಮನೆಗಾದರೂ ಉಪಯೋಗವಾಗುತ್ತಿತ್ತು ಎಂದು ನಮ್ಮವರು ಕಾಡಿಸುತ್ತಿದ್ದರು. ಒಂದು ದಿನ ಕೋಠಿಯಲ್ಲಿ ಹಳೇ ಪುಸ್ತಕದಂಗಡಿಯವನೊಬ್ಬ, ಊರಾಚೆಯ ಕ್ಯಾಥೊಲಿಕ್ ಮಠದಲ್ಲಿ ಒಬ್ಬ ಕನ್ನಡದ ಫಾದರ್ ಇದ್ದಾರೆ, ಬರೆಯುವವರು, ಕೈ ನಡುಗುವ ಕಾಯಿಲೆ ಬಂದು ಪೆನ್ನು ಹಿಡಿಯಲಾಗುತ್ತಿಲ್ಲ, ಟೈಪಿಸ್ಟ್ ಹುಡುಕುತ್ತಿದ್ದಾರೆ ಎಂದ. ಮರುದಿನವೇ ಹೋದೆ.

ಬಸ್ಸು ಇಳಿದು ಬಂಡೆಗಲ್ಲುಗಳ ನಡುವೆ, ಸೀತಾಫಲದ ಗಿಡಗಳನ್ನು ದಾಟಿ ನಡೆಯಬೇಕು. ಆಮೇಲೆ ಕಾಂಪೌಂಡು, ಗೇಟು, ಗೇಟಿನೊಳಗೆ ಒಂದು ಪಡಸಾಲೆ. ಪಡಸಾಲೆಯ ತುದಿಯಲ್ಲಿ ಒಂದು ಬಾಗಿಲು, ಅದಕ್ಕೆ ಕರಿಕಲ್ಲಿನ ಹೊಸ್ತಿಲು. ಬಾಗಿಲ ಮೇಲೆ ಇಂಗ್ಲಿಷಿನಲ್ಲಿ, ತೆಲುಗಿನಲ್ಲಿ ಒಂದು ಬೋರ್ಡು: ಇಲ್ಲಿಂದ ಮುಂದೆ ಹೆಂಗಸರಿಗೆ ಪ್ರವೇಶವಿಲ್ಲ. ಹೊಸ್ತಿಲಿನ ಆ ಕಡೆ ಫಾದರ್ ಅವರ ಕುರ್ಚಿ, ಈ ಕಡೆ ನನ್ನ ಮೇಜು ಮತ್ತು ಟೈಪ್‌ರೈಟರ್. ನಡುವೆ ಒಂದು ಮೊಳ ಕಲ್ಲು. ಕೆಲಸ ಮಾಡಿದಷ್ಟು ವರ್ಷವೂ ನಾನು ಆ ಕಲ್ಲು ದಾಟಿರಲಿಲ್ಲ. ಒಳಗೆ ಗಾಳಿಗೆ ಹಾರಿಹೋದ ಕಾಗದವನ್ನೂ ಅವರೇ ಬಗ್ಗಿ ಎತ್ತಿ ಕೊಡಬೇಕಿತ್ತು.

ಫಾದರ್ ರಾಯಪ್ಪ ಮುದಗಲ್ಲಿನವರು. ಅಲ್ಲಿ ತಲೆತಲಾಂತರದಿಂದ ಕನ್ನಡ ಮಾತಾಡುವ ಕ್ಯಾಥೊಲಿಕರ ಓಣಿಯಿದೆ. ಅವರ ಮಾತು ನಮ್ಮ ಮನೆ ಮಾತಿನಂತೆಯೇ ಇತ್ತು. ಮೊದಲ ದಿನ ನನ್ನ ಸ್ಪೀಡು ಕೇಳಲಿಲ್ಲ, ಸರ್ಟಿಫಿಕೇಟ್ ನೋಡಲಿಲ್ಲ. ನಾನು ಓದುತ್ತೇನೆಯೋ ಇಲ್ಲವೋ ಎಂದು ಕೇಳಿದರು. ಓದುತ್ತೇನೆ, ಆದರೆ ಚೆನ್ನಾಗಿಲ್ಲದಿದ್ದರೆ ಅರ್ಧಕ್ಕೆ ಬಿಡುತ್ತೇನೆ ಎಂದೆ. ಹಂಗಾದ್ರ ನನ್ನ ಲೇಖನಾ ಎಲ್ಲಿ ಬಿಡಬೇಕನಸ್ತೈತಿ ಅಲ್ಲಿ ಹೇಳ್ರಿ ಎಂದರು. ಆಮೇಲಾಮೇಲೆ ಹೇಳಿದೆ ಕೂಡ. ಗುಬ್ಬಿಗಳ ಮೇಲೆ ಬರೆದ ಲೇಖನದಲ್ಲಿ ಎರಡನೇ ಪುಟ ಪೂರಾ ಸಪ್ಪೆ ಎಂದಿದ್ದಕ್ಕೆ ಎರಡು ದಿನ ಮುಖ ಗಂಟು ಹಾಕಿಕೊಂಡಿದ್ದರು. ಮೂರನೇ ದಿನ ಆ ಪುಟ ತೆಗೆಸಿದರು.

ಮಠಕ್ಕೆ ಕೆಲಸಕ್ಕೆ ಹೋಗುತ್ತೇನೆಂದು ಕುಷಾಯಿಗೂಡದ ನಮ್ಮ ಬಳಗದಲ್ಲಿ ಗುಸುಗುಸು ಎದ್ದಿತು. ವತ್ಸಲಾಬಾಯಿ ಇವತ್ತಲ್ಲ ನಾಳೆ ಶಿಲುಬೆ ಕಟ್ಟಿಕೊಂಡು ಬರುತ್ತಾಳೆ ಎಂದು ಒಬ್ಬಾಕೆ ಭಜನೆಯಲ್ಲಿ ಹೇಳಿದಳಂತೆ. ನಾನು ಮುಂದಿನ ಶುಕ್ರವಾರ ಅದೇ ಭಜನೆಗೆ ಹೋಗಿ ಅವಳ ಪಕ್ಕದಲ್ಲೇ ಕೂತು, ಅವಳಿಗಿಂತ ಜೋರಾಗಿ ಹಾಡಿದೆ. ಮಾತು ಅಲ್ಲಿಗೆ ನಿಂತಿತು.

ಶಿಲುಬೆಯ ಮಾತು ಬಂತು, ಅದರ ಕಥೆಯನ್ನೂ ಹೇಳಿಬಿಡುತ್ತೇನೆ. ಮಠದವರು ಕಾಗದ ಬರೆಯುವಾಗ ನೆತ್ತಿಯಲ್ಲಿ ಒಂದು ಸಣ್ಣ ಶಿಲುಬೆಯ ಗುರುತು ಹಾಕುತ್ತಾರೆ. ನಾವು ಹುಟ್ಟಿದಾಗಿನಿಂದ ಕಾಗದ ಕಂಡಕೂಡಲೇ ಮೇಲೆ ‘ಶ್ರೀ’ ಬರೆಯುವವರು. ಕಿರಾಣಿ ಚೀಟಿಯ ಮೇಲೂ ಶ್ರೀ. ಮೊದಲ ವಾರ ನಾನು ಟೈಪು ಮಾಡಿದ ಅಷ್ಟೂ ಕಾಗದದ ಮೇಲೆ ನನ್ನ ಬೆರಳು ತಾನಾಗಿಯೇ ಶ್ರೀ ಹೊಡೆದಿತ್ತು, ಅದರ ಕೆಳಗೆ ಫಾದರ್ ಹೇಳಿದ ಶಿಲುಬೆ. ಅವರೂ ನೋಡದೆ ಹೇಗೋ ಸಹಿ ಗೀಚಿದರು. ಒಂದು ಕಾಗದ ಒಬ್ಬ ಬಿಷಪ್ಪರಿಗೆ ಹೋಯಿತು. ಇದು ಯಾವ ಹೊಸ ಸಂಪ್ರದಾಯ ಎಂದು ಅಲ್ಲಿಂದ ಖಡಕ್ ಉತ್ತರ ಬಂತು. ಇನ್ನೊಂದು ಹೋಗಿದ್ದು ಬಾಲಾನಗರದ ಶರಣಪ್ಪ ಎಂಬುವರಿಗೆ.

ಈ ಶರಣಪ್ಪ ಬಾಲಾನಗರದ ಕಾರ್ಖಾನೆಯೊಂದರಲ್ಲಿ ಫಿಟ್ಟರ್. ಊರು ಆಳಂದದ ಕಡೆ. ಯೂನಿಯನ್ನಿನಲ್ಲಿ ಮುಂದಾಳು, ಒಂಟಿ ಜೀವ, ಕಥೆಗಾರ. ದೇವರಿಲ್ಲ ಎಂದು ಬೀದಿಯಲ್ಲಿ ನಿಂತು ಹೇಳುವ ಮನುಷ್ಯ. ಗುಡಿ, ಮಸೀದಿ, ಚರ್ಚು, ಮಠ, ಯಾವುದರ ಹೊಸ್ತಿಲನ್ನೂ ತುಳಿಯುವುದಿಲ್ಲ ಎಂದು ಶಪಥ ಮಾಡಿದ್ದರು. ಪತ್ರಿಕೆಯಲ್ಲಿ ಬಂದ ಫಾದರ್ ಲೇಖನ ಓದಿ, ಇಷ್ಟು ಚಂದ ಕನ್ನಡಾ ಬರಿಯೋ ಮನಿಷಾ, ಅದನ್ನ ಇಲ್ಲದ ದೇವ್ರಿಗ್ಯಾಕ ಖರ್ಚು ಮಾಡ್ತೀರಿ ಎಂದು ಅವರೇ ಮೊದಲು ಬರೆದಿದ್ದರು. ಅದಕ್ಕೆ ನಮ್ಮ ಉತ್ತರ ಶ್ರೀ ಮತ್ತು ಶಿಲುಬೆ ಹೊತ್ತುಕೊಂಡು ಹೋಯಿತು. ಅವರು ತಿರುಗಿ ಬರೆದದ್ದು ನನಗೆ ಇಂದಿಗೂ ಬಾಯಿಪಾಠ:

“ಮ್ಯಾಲ ಶ್ರೀ, ಅದರ ಕೆಳಗ ಶಿಲುಬಿ. ಎರಡೂ ಕಡೆ ಜಾಮೀನು ತಗೊಂಡು ಬರದೀರಿ. ನನಗ ಯಾರ ಜಾಮೀನೂ ಇಲ್ರಿ. ನನ್ನ ಕಾಗದದ ಮ್ಯಾಲ ಖಾಲಿ ಐತಿ, ನೋಡಿಕೋರಿ.”

ಅದನ್ನು ಓದಿ ಫಾದರ್ ಎಷ್ಟು ನಕ್ಕರೆಂದರೆ, ಮೌನದ ಹೊತ್ತಿನಲ್ಲಿ ಇದೇನು ಗದ್ದಲ ಎಂದು ಒಳಗಿನಿಂದ ಗಂಟೆ ಹೊಡೆಯುವ ಬ್ರದರ್ ಓಡಿಬಂದರು. ನನಗೆ ನಾಚಿಕೆಯಿಂದ ನೆಲ ಸೇರಿದಂತಾಗಿತ್ತು. ಇನ್ನು ಮುಂದೆ ಶ್ರೀ ಹೊಡೆಯುವುದಿಲ್ಲ ಎಂದೆ. ಬಿಷಪ್ಪರಿಗೆ ಹೊಡೀಬ್ಯಾಡವಾ, ಶರಣಪ್ಪಗ ಹೊಡಿ, ಅದರಿಂದ ಒಬ್ಬ ಗೆಳೆಯಾ ಸಿಕ್ಕಾನ ಎಂದರು.

ಹೀಗೆ ಶುರುವಾಯಿತು. ಇಬ್ಬರೂ ಇದ್ದದ್ದು ಹೈದರಾಬಾದಿನಲ್ಲೇ, ನಡುವೆ ಎರಡು ಬಸ್ಸು ಬದಲಾಯಿಸುವಷ್ಟು ದಾರಿ. ಆದರೆ ಫಾದರ್ ಹೊರಗೆ ಬರುವಂತಿಲ್ಲ, ಶರಣಪ್ಪ ಒಳಗೆ ಬರುವುದಿಲ್ಲ. ಇಬ್ಬರದೂ ವ್ರತ, ಇಬ್ಬರೂ ಹಠಮಾರಿಗಳು. ಆದ್ದರಿಂದ ಕಾಗದವೇ ಓಡಾಡಬೇಕಾಯಿತು. ಬರೆಯುವವರು ಇನ್ನೂ ಹಲವರಿದ್ದರು, ಕವಿಗಳು, ಮಾಸ್ತರರು, ಬೆಳಗಾವಿಯ ಒಬ್ಬ ಸಂಪಾದಕರು. ಅವರಿಗೆಲ್ಲ ಫಾದರ್ ಹೇಳುವಾಗ ಕುರ್ಚಿಯಲ್ಲಿ ನೆಟ್ಟಗೆ ಕೂತು ಹೇಳುತ್ತಿದ್ದರು. ಶರಣಪ್ಪನಿಗೆ ಹೇಳುವಾಗ ಮಾತ್ರ ಎದ್ದು ಓಡಾಡುತ್ತಿದ್ದರು. ನೀವು ಎಂದಿದ್ದದ್ದು ನೀನು ಆಯಿತು, ಆಮೇಲೆ ಏ ಹುಚ್ಚಪ್ಪಾ ಎಂದಾಯಿತು.

ಅವರ ಜಗಳದಲ್ಲಿ ಮುಖ್ಯವಾದದ್ದು ಒಂದು ಕಥೆಯದು. ಶರಣಪ್ಪ ಬರೆದ ಕಥೆಯಲ್ಲಿ ಲೇತ್ ಯಂತ್ರದ ಕೆಲಸಗಾರನೊಬ್ಬ ಸೂಪರ್‌ವೈಸರನ ಅಜಾಗರೂಕತೆಯಿಂದ ಬೆರಳು ಕಳೆದುಕೊಳ್ಳುತ್ತಾನೆ. ವರ್ಷಗಳಾದ ಮೇಲೆ ಆ ಸೂಪರ್‌ವೈಸರ್ ಸಾಯಲು ಬಿದ್ದಾಗ ಕರೆಸುತ್ತಾನೆ. ಇವನು ಹೋಗಿ, ಅವನನ್ನು ನೋಡಿ, ಏನೂ ಹೇಳದೆ ತಿರುಗಿ ಬರುತ್ತಾನೆ. ಕಥೆ ಅಲ್ಲಿಗೆ ಮುಗಿಯುತ್ತದೆ. ಫಾದರ್ ಪ್ರಕಾರ ಅದು ಮುಗಿದಿಲ್ಲ, ಕ್ಷಮಿಸುವ ತನಕ ಆ ಮನುಷ್ಯ ಆ ಕೋಣೆಯಿಂದ ಹೊರಗೆ ಬಂದೇ ಇಲ್ಲ. ಶರಣಪ್ಪನ ಪ್ರಕಾರ ಕ್ಷಮಿಸಿಬಿಟ್ಟರೆ ಅದು ಕಥೆಯಲ್ಲ, ನಿಮ್ಮ ಭಾನುವಾರದ ಉಪದೇಶ. ಈ ಒಂದು ಕಥೆಯ ಮೇಲೆ ಇಬ್ಬರೂ ವರ್ಷಗಟ್ಟಲೆ ಬಡಿದಾಡಿದರು. ಬೇರೆ ಏನೇ ಬರೆದರೂ ಕೊನೆಯ ಪ್ಯಾರಾದಲ್ಲಿ ಅದು ಬಂದೇ ಬರುತ್ತಿತ್ತು. ನನ್ನನ್ನು ಕೇಳಿದರೆ ನಾನು ಶರಣಪ್ಪನ ಕಡೆಯವಳು. ಫಾದರ್‌ಗೂ ಅದು ಗೊತ್ತಿತ್ತು.

ಇನ್ನು ಮೇಲಿನವರ ವಿಷಯ. ಮಠದ ಪದ್ಧತಿಯಂತೆ ಒಳಗೆ ಬರುವ, ಹೊರಗೆ ಹೋಗುವ ಕಾಗದಗಳೆಲ್ಲ ಮಠದ ಹಿರಿಯರ ಕೈ ದಾಟಬೇಕು. ಮೊದಲಿದ್ದ ಹಿರಿಯರು ಹೊರದೇಶದ ವೃದ್ಧರು. ಕನ್ನಡ ಒಂದಕ್ಷರ ಬಾರದು, ಬರುತ್ತದೆ ಎಂಬಂತೆ ಕನ್ನಡಕ ಏರಿಸಿ, ಪುಟ ತಿರುವಿ, ತಲೆದೂಗಿ ಕೊಡುತ್ತಿದ್ದರು. ಒಮ್ಮೆ ತಲೆಕೆಳಗಾಗಿ ಹಿಡಿದು ತಲೆದೂಗಿದ್ದನ್ನು ನಾನೇ ನೋಡಿದ್ದೇನೆ. ದೇವರಂಥ ಮನುಷ್ಯ.

ಅವರು ತೀರಿಕೊಂಡ ಮೇಲೆ ಬಂದ ಹಿರಿಯರು ಬೇರೆಯೇ ಜಾತಿಯ ಮರ. ನಾಗಪುರದ ಕಡೆ ಬೆಳೆದವರು, ಹಿಂದಿ ಮಾತಾಡುವವರು. ಎತ್ತರದ ಆಳು, ಕಡಿಮೆ ಮಾತು. ಬಂದ ತಿಂಗಳಲ್ಲೇ, ನಾನು ಓದಲಾಗದ್ದನ್ನು ಓದಿದ್ದೇನೆ ಎಂದು ಹೇಗೆ ಬಿಡಲಿ ಎಂದರು. ಅಷ್ಟರಲ್ಲಿ ಯಾರೋ ಅವರ ಕಿವಿಯೂದಿ, ಈ ಶರಣಪ್ಪ ಎಂಬಾತ ಯೂನಿಯನ್ನಿನವನು, ದೇವರನ್ನು ಬೈಯುವವನು ಎಂದಿದ್ದರು. ಒಂದು ಬೆಳಿಗ್ಗೆ ನನ್ನ ಮೇಜಿನ ಮೇಲೆ ಶರಣಪ್ಪನ ಒಡೆಯದ ಕಾಗದವಿತ್ತು. ಅದರ ಮೇಲೆ ‘ಸ್ವೀಕರಿಸಿಲ್ಲ’ ಎಂದು ಬರೆದು ವಾಪಸು ಕಳಿಸಬೇಕು, ಇನ್ನು ಮುಂದೆ ಬರುವುದಕ್ಕೂ ಹಾಗೆಯೇ ಮಾಡಬೇಕು ಎಂದು ಅಪ್ಪಣೆ.

ಫಾದರ್ ರಾಯಪ್ಪ ಹೊಸ್ತಿಲಿನ ಆ ಕಡೆ ಕೂತಿದ್ದರು. ನೀವು ಏನಾದರೂ ಹೇಳಿ ಎಂದು ನಾನು ಕಾದೆ. ಅವರು ಹೇಳಿದ್ದಿಷ್ಟು:

“ಹಿರಿಯರ ಮಾತು ಮೀರಂಗಿಲ್ಲ ಅಂತ ಮಾತು ಕೊಟ್ಟೀನವಾ. ಕೊಟ್ಟ ಮಾತು ಕೊಟ್ಟಂಗ.”

ನನಗೆ ಅವರ ಮೇಲೂ ಸಿಟ್ಟು ಬಂತು. ಇಷ್ಟು ವರ್ಷದ ಗೆಳೆಯನನ್ನು ಬಾಗಿಲಿನಿಂದ ಅಟ್ಟುವಾಗಲೂ ಕುತ್ತಿಗೆ ಬಗ್ಗಿಸುವುದೇ? ಆ ಕಾಗದವನ್ನು ಅಲ್ಲೇ ಬಿಟ್ಟು, ಬೆರಳ ಮಸಿಯನ್ನೂ ಒರೆಸದೆ, ಹಿರಿಯರನ್ನು ಕರೆಯಿರಿ ಎಂದು ಬ್ರದರಿಗೆ ಹೇಳಿದೆ. ಅವರು ಬಂದು ಬಾಗಿಲಲ್ಲಿ ನಿಂತರು. ನನ್ನ ಹಿಂದಿ ಹೈದರಾಬಾದಿನ ಬಸ್ಸಿನಲ್ಲಿ ಕಲಿತದ್ದು, ಅದರಲ್ಲಿ ಮರ್ಯಾದೆ ಸ್ವಲ್ಪ ಕಡಿಮೆ. ನಿಮ್ಮ ಮಾತು ಕೇಳುತ್ತೇನೆಂದು ಫಾದರ್ ವ್ರತ ತೊಟ್ಟಿದ್ದಾರೆ, ನಾನು ತೊಟ್ಟಿಲ್ಲ, ಈ ಕೆಲಸ ನನ್ನ ಕೈಯಿಂದ ಆಗುವುದಿಲ್ಲ ಎಂದೆ. ಹಾಗಾದರೆ ಬೇರೆ ಟೈಪಿಸ್ಟ್ ನೋಡಬೇಕಾಗುತ್ತದೆ ಎಂದರು. ನೋಡಿ, ಹೈದರಾಬಾದಿನಲ್ಲಿ ಕನ್ನಡ ಟೈಪಿಸ್ಟ್ ಸಿಕ್ಕರೆ ನನಗೂ ತೋರಿಸಿ, ನಾನೂ ಒಬ್ಬಳನ್ನು ಈತನಕ ಕಂಡಿಲ್ಲ ಎಂದೆ.

ಅವರು ಸಿಟ್ಟಾಗಲಿಲ್ಲ. ಅದೇ ನನಗೆ ಇನ್ನೂ ಕಷ್ಟವಾಯಿತು. ಓದಲು ಬಾರದ ಕಾಗದವನ್ನು ನಾನೇನು ಮಾಡಲಿ, ಹೇಳಿ ಎಂದು ಸಮಾಧಾನವಾಗಿ ಕೇಳಿದರು. ಓದಲು ಬಾರದಿದ್ದರೆ ಕೇಳಲು ಬರುತ್ತದಲ್ಲ ಎಂದೆ. ಬಂದ ಕಾಗದವನ್ನೂ ಹೋಗುವ ಕಾಗದವನ್ನೂ ನಾನು ಹಿಂದಿಯಲ್ಲಿ ಓದಿ ಹೇಳುತ್ತೇನೆ, ನೀವು ಕೇಳಿ, ಆಮೇಲೆ ಬೇಕಾದರೆ ಬಿಡಿ, ಬೇಡವಾದರೆ ಹರಿಯಿರಿ, ಆದರೆ ಕೇಳದೆ ವಾಪಸು ಕಳಿಸಬೇಡಿ. ಆಗಲಿ, ಆದರೆ ಒಂದು ಶರತ್ತು ಎಂದರು. ಒಂದು ಮಾತನ್ನೂ ಬಿಡುವಂತಿಲ್ಲ, ಒಂದು ಮಾತನ್ನೂ ಮೆತ್ತಗೆ ಮಾಡುವಂತಿಲ್ಲ. ಮಾಡಿದ್ದು ಗೊತ್ತಾದರೆ ಅವತ್ತೇ ಎಲ್ಲ ಬಂದ್.

ಅಲ್ಲಿಂದ ಪ್ರತಿ ಶನಿವಾರ ಹೊಸ್ತಿಲಿನ ಆ ಕಡೆ ಎರಡು ಕುರ್ಚಿ. ಒಂದರಲ್ಲಿ ಫಾದರ್, ಒಂದರಲ್ಲಿ ಹಿರಿಯರು. ಈ ಕಡೆ ನಾನು ಕಾಗದ ಹಿಡಿದು ಒಂದೊಂದೇ ಸಾಲು ಹಿಂದಿಗೆ ತಿರುಗಿಸಬೇಕು. ಮುಗಿದ ಮೇಲೆ ಹಿರಿಯರು ಪ್ರತಿ ಸಲವೂ ಒಂದೇ ಪ್ರಶ್ನೆ ಕೇಳುತ್ತಿದ್ದರು: “ಕುಛ್ ಛೋಡಾ ತೋ ನಹೀಂ?” ಏನೂ ಬಿಡಲಿಲ್ಲ ತಾನೆ ಎಂದು. ಮೊದಮೊದಲು ಆ ಪ್ರಶ್ನೆ ಕೇಳಿದರೆ ನನಗೆ ಕಪಾಳಕ್ಕೆ ಹೊಡೆದಂತಾಗುತ್ತಿತ್ತು. ನಾನೇನು ಕಳ್ಳಿಯೇ? ಬಿಟ್ಟಿಲ್ಲ ಎಂದು ಗಟ್ಟಿಯಾಗಿ ಹೇಳುತ್ತಿದ್ದೆ, ಪಡಸಾಲೆಯ ಪಾರಿವಾಳ ಹಾರುವಷ್ಟು ಗಟ್ಟಿಯಾಗಿ.

ಹುಡುಗಿಯರೇ, ಬೇರೆಯವರ ಬೈಗುಳವನ್ನು ನಿಮ್ಮ ಬಾಯಿಂದ ಹೇಳುವುದು ಏನೆಂದು ನಿಮಗೆ ಗೊತ್ತಿಲ್ಲ. ಶರಣಪ್ಪ ಒಮ್ಮೆ, ನಿಮ್ಮ ದೇವ್ರು ನಮ್ಮ ಸೂಪರ್‌ವೈಸರ್ ಇದ್ದಂಗ, ಪಾಳಿಗೆ ಬರಂಗಿಲ್ಲ, ಹಾಜರಿ ಮಾತ್ರ ಹಾಕ್ತಾನ ಎಂದು ಬರೆದಿದ್ದರು. ಅದನ್ನು ಒಬ್ಬ ಸನ್ಯಾಸಿಯ ಮುಖಕ್ಕೆ ಮುಖ ಕೊಟ್ಟು ಹಿಂದಿಯಲ್ಲಿ ಹೇಳಬೇಕು. ಹೇಳಿದೆ. ಹಿರಿಯರ ತುಟಿಯ ಒಂದು ಕೊನೆ ಅಲ್ಲಾಡಿತು, ನಗುವೋ ಸಿಟ್ಟೋ ತಿಳಿಯಲಿಲ್ಲ. ಫಾದರ್ ಮಾತ್ರ ಛಾವಣಿ ನೋಡುತ್ತ ಕೂತಿದ್ದರು. ಕಾಗದ ಹರಿಯಲಿಲ್ಲ.

ತಮ್ಮ ಕಾಗದವನ್ನು ಮೂರನೆಯವರೊಬ್ಬರು ಕೇಳುತ್ತಾರೆಂಬುದನ್ನು ಫಾದರ್ ಗೆಳೆಯನಿಂದ ಮುಚ್ಚಿಡಲಿಲ್ಲ. ಮುಂದಿನ ಕಾಗದದಲ್ಲೇ ತಿಳಿಸಿದರು. ಅದಕ್ಕೆ ಬಂದ ಉತ್ತರವನ್ನು ನಾನು ಶನಿವಾರ ಒಡೆದು, ಎಂದಿನಂತೆ ಸಾಲು ಸಾಲಾಗಿ ಹೇಳುತ್ತ ಹೋದೆ. ಎರಡನೇ ಪುಟಕ್ಕೆ ಬಂದಾಗ ನನ್ನ ನಾಲಿಗೆ ನಿಂತಿತು. ಅಲ್ಲಿ ಶರಣಪ್ಪ ಫಾದರನ್ನು ಬಿಟ್ಟು ನೇರ ಹಿರಿಯರನ್ನೇ ಮಾತಾಡಿಸಿದ್ದರು:

“ಹಿರೇರ, ಕಳ್ಳರಂಗ ಮಂದಿ ಕಾಗದಾ ಕೇಳಕೋತ ಕುಂತೀರಲ್ಲ, ನಿಮಗ ನಾಚಿಕಿ ಬರೂದಿಲ್ಲೇನ್ರಿ?”

ನಾನು ತಲೆ ಎತ್ತಿ ಫಾದರನ್ನು ನೋಡಿದೆ. ಅವರಿಗೆ ಬರಹ ಕಾಣಲಿಲ್ಲ, ನನ್ನ ಮುಖ ಕಂಡಿತು. ಬಿಡು ಎಂಬಂತೆ ನಡುಗುವ ಕೈಯನ್ನು ಸ್ವಲ್ಪ ಎತ್ತಿದರು. ಹಿರಿಯರು ನನ್ನನ್ನೇ ನೋಡುತ್ತಿದ್ದರು. ಆ ಒಂದು ಸಾಲು ಬಿಟ್ಟಿದ್ದರೆ ಯಾರಿಗೂ ತಿಳಿಯುತ್ತಿರಲಿಲ್ಲ. ಕೆಲಸ ಉಳಿಯುತ್ತಿತ್ತು, ಕಾಗದಗಳು ಓಡಾಡುತ್ತಿದ್ದವು, ಎಲ್ಲರಿಗೂ ಸುಖ. ಆದರೆ ಆಮೇಲೆ ಪ್ರತಿ ಶನಿವಾರ ‘ಬಿಟ್ಟಿಲ್ಲ’ ಎಂದು ಯಾವ ಮುಖ ಇಟ್ಟುಕೊಂಡು ಹೇಳಲಿ? ಶರಣಪ್ಪ ತಮ್ಮ ಮಾತನ್ನು ನನ್ನ ಕೈಗೆ ಕೊಟ್ಟಿದ್ದಾರೆ, ಅದರಲ್ಲಿ ಕಲ್ಲು ಆರಿಸಲು ನಾನು ಯಾರು? ಹೇಳಿದೆ. ಚೋರ್ ಎಂದರೆ ಚೋರ್ ಎಂದೇ ಹೇಳಿದೆ, ಶರಮ್ ಎಂದರೆ ಶರಮ್ ಎಂದೇ.

ಹಿರಿಯರು ಎದ್ದರು. ಎಂದಿನ ಪ್ರಶ್ನೆಯನ್ನೂ ಕೇಳದೆ ಒಳಗೆ ಹೋದರು. ಇನ್ನು ಮುಗಿಯಿತು ಎಂದುಕೊಂಡು ನಾನು ಟೈಪ್‌ರೈಟರಿಗೆ ಕವರು ಹಾಕಿದೆ. ಮನೆಗೆ ಬಂದು ನಮ್ಮವರಿಗೆ ಕೆಲಸ ಹೋದಂತೆಯೇ ಎಂದೆ. ಉಪ್ಪಿನಕಾಯಿ ಹಾಕಾಕ ಮಾವಿನಕಾಯಿ ತರ್ಲ್ಯಾ ಎಂದರು. ಅವತ್ತು ಆ ಮಾತಿಗೆ ಅಳು ಬಂತು.

ಮುಂದಿನ ಶನಿವಾರ ಹೋದಾಗ ಎರಡೂ ಕುರ್ಚಿ ಹಾಕಿದ್ದವು. ಹಿರಿಯರು ಬಂದು ಕೂತು, ಫಾದರ್ ಆ ಕಾಗದಕ್ಕೆ ಹೇಳಿ ಬರೆಸಿದ ಉತ್ತರವನ್ನು ಓದಿ ಎಂದರು. ಓದಿದೆ. ಕೊನೆಗೆ, ಇದರ ಕೆಳಗೆ ನನ್ನದೊಂದು ಸಾಲು ಟೈಪು ಮಾಡಿ ಎಂದರು. ಅವರು ಹಿಂದಿಯಲ್ಲಿ ಹೇಳಿದ್ದನ್ನು ನಾನು ಕನ್ನಡದಲ್ಲಿ ಹೊಡೆದೆ: “ನಾಚಿಕೆ ಬರುತ್ತದೆ. ಆದರೂ ಕೇಳುತ್ತೇನೆ.”

ಅವರು ಮೆತ್ತಗಾದರು ಎಂದು ತಿಳಿಯಬೇಡಿ. ಪದ್ಧತಿ ಬಿಡಲಿಲ್ಲ, ಪ್ರಶ್ನೆ ಬಿಡಲಿಲ್ಲ. ಒಂದೇ ಒಂದು ಶನಿವಾರವನ್ನೂ ತಪ್ಪಿಸಲಿಲ್ಲ. ಜ್ವರ ಬಂದಾಗಲೂ ಕಂಬಳಿ ಹೊದ್ದು ಬಂದು ಕೂತರು.

ಆಮೇಲೆ ಕಂಪ್ಯೂಟರ್ ಬಂತು. ಯಾರೋ ದಾನ ಕೊಟ್ಟದ್ದು. ಟೈಪ್‌ರೈಟರಿಗೆ ಬಿಡಿಭಾಗ ಸಿಗುವುದು ನಿಂತುಹೋಗಿತ್ತು, ಕೋಠಿಯಲ್ಲಿ ರಿಪೇರಿ ಮಾಡುತ್ತಿದ್ದ ಮುದುಕ ಅಂಗಡಿ ಮುಚ್ಚಿದ್ದ. ನಾನು ಆ ವಯಸ್ಸಿನಲ್ಲಿ ಹುಡುಗರ ಜೊತೆ ಕೂತು ಕಂಪ್ಯೂಟರ್ ಕಲಿತೆ, ಬಡಾಯಿಯಲ್ಲ, ಅವರಿಗಿಂತ ಬೇಗ ಕಲಿತೆ. ಅದರಲ್ಲಿ ಅಳಿಸಿ ಅಳಿಸಿ ಬರೆಯಬಹುದು ಎಂದು ಫಾದರ್‌ಗೆ ಮೊದಲು ಖುಷಿಯಾಯಿತು. ಒಂದು ಬೆಳಿಗ್ಗೆ ಒಂದೇ ವಾಕ್ಯವನ್ನು ಅಳಿಸಿ ಬರೆಸಿ, ಅಳಿಸಿ ಬರೆಸಿ, ಊಟದ ಗಂಟೆಯಾದಾಗ ಪರದೆಯ ಮೇಲೆ ಏನೂ ಉಳಿದಿರಲಿಲ್ಲ. ಶರಣಪ್ಪನಿಗೆ ಹೋದ ಮೊದಲ ಕಂಪ್ಯೂಟರ್ ಕಾಗದಕ್ಕೆ ತಕರಾರು ಬಂತು. ಬಾಯಿಯವರ ಯಂತ್ರದಾಗ ‘ರ’ ಅಕ್ಷರ ಒಂದೀಟು ಮ್ಯಾಲ ಜಿಗೀತಿತ್ತಲ್ಲ, ಅದೆಲ್ಲಿ ಹೋತು, ಬಾಯಿಯವರು ಆರಾಮ ಅದಾರಿಲ್ಲೋ ಎಂದು ಕೇಳಿದ್ದರು. ಅಷ್ಟು ವರ್ಷದಲ್ಲಿ ಅವರು ನನ್ನ ಬಗ್ಗೆ ಬರೆದ ಮೊದಲ ಮಾತು. ಅದನ್ನೂ ಹಿರಿಯರಿಗೆ ಹಿಂದಿಯಲ್ಲಿ ಓದಿ ಹೇಳಬೇಕಾಯಿತು. ಅಂದಿನಿಂದ ಶರಣಪ್ಪನ ಕಾಗದ ಮಾತ್ರ ಹಳೇ ಯಂತ್ರದಲ್ಲಿ.

ಫಾದರ್ ಮಳೆಗಾಲ ಮುಗಿಯುವ ಹೊತ್ತಿಗೆ ತೀರಿಕೊಂಡರು. ಹಾಸಿಗೆ ಹಿಡಿದು ಬಹಳ ದಿನ ನರಳಲಿಲ್ಲ. ನಾನು ಬೆಳಿಗ್ಗೆ ಹೋದಾಗ ಅವರ ಕುರ್ಚಿ ಖಾಲಿ, ಹಿರಿಯರು ಬಾಗಿಲಲ್ಲಿ ನಿಂತಿದ್ದರು. ನನಗೆ ಹೇಳಿದರು. ನಾನು ಮೇಜು ಹಿಡಿದು ಕೂತೆ. ಸ್ವಲ್ಪ ಹೊತ್ತಾದ ಮೇಲೆ, ಬಾಲಾನಗರಕ್ಕೆ ತಿಳಿಸಿ, ಮಣ್ಣು ಸಂಜೆಗೆ ಎಂದರು. ಶರಣಪ್ಪ ಮೊಬೈಲ್ ಇಟ್ಟುಕೊಂಡವರಲ್ಲ. ಅವರ ಕಾಗದದಲ್ಲಿ ಯಾವಾಗಲೋ ಬರೆದಿದ್ದ ಪಕ್ಕದ ಅಂಗಡಿಯ ನಂಬರಿಗೆ ಹಚ್ಚಿದೆ. ಅಂಗಡಿಯವನು ಅವರನ್ನು ಕರೆತಂದ, ವಿಷಯ ಹೇಳಿದೆ. ಆ ಕಡೆ ಫೋನ್ ಇಟ್ಟ ಸದ್ದು ಬಂತು.

ಸಂಜೆಯ ಹೊತ್ತಿಗೆ ಗೇಟಿನ ಹೊರಗೆ ಒಂದು ಆಟೊ ನಿಂತಿತ್ತು. ಅದರ ಪಕ್ಕದಲ್ಲಿ ಬಿಳಿ ಅಂಗಿಯ ತೆಳ್ಳನೆಯ ಮುದುಕರೊಬ್ಬರು. ಗೇಟು ತೆರೆದೇ ಇತ್ತು, ಅವರು ಒಳಗೆ ಬರುತ್ತಿರಲಿಲ್ಲ. ಇಂಥ ಹೊತ್ತಿನಲ್ಲೂ ಶಪಥ ಎಂದು ನನಗೆ ರೇಗಿತು. ಹತ್ತಿರ ಹೋದೆ. ಶರಣಪ್ಪನವರೇ ತಾನೆ ಎಂದು ಕೇಳುವ ಮೊದಲೇ ಅವರ ಬಲಗೈ ಕಂಡಿತು. ತೋರುಬೆರಳೂ ನಡುಬೆರಳೂ ಬುಡದಿಂದಲೇ ಇರಲಿಲ್ಲ. ವರ್ಷಗಟ್ಟಲೆ ಅವರ ಅಕ್ಷರ ಯಾಕಿಷ್ಟು ಕೆಟ್ಟದು ಎಂದು ಬೈದುಕೊಂಡಿದ್ದೆ. ಇಬ್ಬರೂ ಜಗಳಾಡಿದ್ದು ಯಾರ ಕಥೆಯ ಮೇಲೆ ಎಂದು ಅಲ್ಲಿ, ಆ ಗೇಟಿನಲ್ಲಿ, ನನಗೆ ತಿಳಿಯಿತು.

“ನೀವ ವತ್ಸಲಾಬಾಯಿಯೇನ್ರಿ?” ಎಂದರು. ಆಮೇಲೆ ಜೇಬಿನಿಂದ ಮಡಚಿದ ಕಾಗದ ತೆಗೆದರು. “ಈ ಸರತಿ ಬರಿಯೋ ಪಾಳಿ ನಂದಿತ್ತು. ನಿನ್ನೆ ಬರದು ಮುಗಿಸೀನಿ.”

ಒಳಗೆ ಬನ್ನಿ, ಬೈಯುವುದಿದ್ದರೆ ನಾಳೆ ಬೈಯುವಿರಂತೆ ಎಂದೆ. ಅವರು ಒಂದು ಸಲ ಗೇಟನ್ನು ನೋಡಿದರು, ಒಂದು ಸಲ ತಮ್ಮ ಕಾಲನ್ನು. ಬಂದರು.

ಪಡಸಾಲೆಯ ಬಾಗಿಲಲ್ಲಿ ಹಿರಿಯರಿದ್ದರು. ಇಬ್ಬರೂ ಒಬ್ಬರನ್ನೊಬ್ಬರು ಕಂಡದ್ದು ಅದೇ ಮೊದಲು. ಹಿರಿಯರು ಕೈ ಮುಗಿದು, ಶರಣಪ್ಪಜೀ, ನಿಮ್ಮ ಬೈಗುಳ ಇಷ್ಟು ವರ್ಷ ಕೇಳಿದ್ದೇನೆ, ಬನ್ನಿ ಎಂದು ಬಾಗಿಲು ಪೂರಾ ತೆರೆದರು. ಒಳಗೆ ಅಂಗಳದಾಚೆ ಮಠದವರ ಗೋರಿಗಳು ಕಾಣುತ್ತಿದ್ದವು. ಹೊಸ ಗುಂಡಿಯ ಪಕ್ಕ, ಮಠದ ಪದ್ಧತಿಯಂತೆ ಪೆಟ್ಟಿಗೆಯಿಲ್ಲದೆ, ಬರಿಯ ಹಲಗೆಯ ಮೇಲೆ ಫಾದರ್ ಮಲಗಿದ್ದರು. ಅವರ ಕೈ ನಡುಗದೆ ಇದ್ದದ್ದನ್ನು ನಾನು ಮೊದಲ ಸಲ ನೋಡಿದೆ. ಅದೂ ದೂರದಿಂದ, ಹೊಸ್ತಿಲಿನ ಈ ಕಡೆಯಿಂದ.

ಶರಣಪ್ಪ ಕಾಗದ ಬಿಚ್ಚಿ ಓದಲು ನೋಡಿದರು. ದನಿ ಹೊರಡಲಿಲ್ಲ. ಇನ್ನೊಮ್ಮೆ ನೋಡಿದರು. ಯೂನಿಯನ್ನಿನ ಗೇಟ್ ಮೀಟಿಂಗುಗಳಲ್ಲಿ ಗುಡುಗಿದ ಮನುಷ್ಯ ಬಾಯಿ ತೆರೆದು ಮುಚ್ಚಿದರು, ಅಷ್ಟೆ. ಕೊನೆಗೆ ಕಾಗದವನ್ನು ನನ್ನ ಕಡೆ ಚಾಚಿದರು.

“ನೀವ ಓದ್ರಿ ಬಾಯಾರ. ಯಾವತ್ತಿದ್ರೂ ನೀವ ಓದೀರಿ.”

ಹಿರಿಯರು ತಲೆ ಎತ್ತಿ ಬಾಗಿಲ ಮೇಲಿನ ಬೋರ್ಡು ನೋಡಿದರು, ಆಮೇಲೆ ನನ್ನನ್ನು. ಅವರು 'ಬಾ' ಎನ್ನುತ್ತಿದ್ದರೋ 'ಬೇಡ' ಎನ್ನುತ್ತಿದ್ದರೋ ನನಗೆ ಇಂದಿಗೂ ಗೊತ್ತಿಲ್ಲ, ಗೊತ್ತಾಗುವ ತನಕ ನಾನು ನಿಲ್ಲಲಿಲ್ಲ. ಆ ಮಠದ ಒಳಗಿನಿಂದ ಹೊರಗೆ ಹೋದ ಮಾತು, ಹೊರಗಿನಿಂದ ಒಳಗೆ ಬಂದ ಮಾತು, ಎಲ್ಲ ನನ್ನ ಬೆರಳು, ನನ್ನ ಬಾಯಿ ದಾಟಿಯೇ ಹೋಗಿತ್ತು. ಮಾತು ದಾಟಬಹುದು, ನಾನು ದಾಟಬಾರದೇ? ಚಪ್ಪಲಿ ಬಿಟ್ಟು ಕರಿಕಲ್ಲಿನ ಮೇಲೆ ಕಾಲಿಟ್ಟು ಆ ಕಡೆ ಇಳಿದೆ. ಅಂಗಳದಲ್ಲಿದ್ದ ಬ್ರದರುಗಳು ತಲೆ ಬಗ್ಗಿಸಿದರು. ಯಾರೂ ತಡೆಯಲಿಲ್ಲ.

ಹಲಗೆಯ ಹತ್ತಿರ ನಿಂತು ಕಾಗದ ಬಿಚ್ಚಿದೆ. ನೆತ್ತಿ ಯಥಾಪ್ರಕಾರ ಖಾಲಿ. ಹಿಂದಿಗೆ ತಿರುಗಿಸದೆ, ಬರೆದ ಕನ್ನಡದಲ್ಲೇ ಓದಿದೆ, ಗಟ್ಟಿಯಾಗಿ:

“ರಾಯಪ್ಪಾ, ನಿನ್ನ ಕಾಗದಾ ಮುಟ್ಟೈತಿ. ದೇವ್ರದು ಮುಂದಿನ ಸಲ ನೋಡೂಣು, ಮೊದಲ ನನ್ನ ಕಥಿದು ಮುಗಸೂಣು. ಆ ಮನಿಷಾ ಆ ಕ್ವಾಣಿಯಿಂದ ಹೊರಗ ಬಂದಿಲ್ಲ ಅಂತಿ. ಖರೆ ಐತಿ, ಬಂದಿಲ್ಲ. ಆದ್ರ ಕ್ಷಮಾ ಮಾಡೂದಿಲ್ಲ. ನೀ ಹೇಳಿದ್ರೂ ಮಾಡೂದಿಲ್ಲ, ನೀ ಸತ್ರೂ ಮಾಡೂದಿಲ್ಲ. ಇಷ್ಟು ವರ್ಷ ಅಂವಾ ಆ ಕ್ವಾಣ್ಯಾಗ ಒಬ್ಬನ ಕುಂತಿದ್ದ. ನೀ ಬಂದು ಜಗಳಾ ತಗದ ಮ್ಯಾಲ ಇಬ್ಬರಾದಿವಿ. ಅಷ್ಟ ಸಾಕು. ಕೈ ನಡಗಿದ್ರ ನಡಗ್ಲಿ, ಬಾಯಾರಿಗೆ ಹೇಳಿ ಲಗೂನ ಉತ್ತರಾ ಬರಸು.”

ಓದಿ ಕಾಗದ ಮಡಚಿದೆ. ಶರಣಪ್ಪ ಅದನ್ನು ತೆಗೆದುಕೊಂಡು, ಎರಡು ಬೆರಳಿಲ್ಲದ ಕೈಯಿಂದ ಗೆಳೆಯನ ನಿಲುವಂಗಿಯ ತೋಳಿನೊಳಗೆ ಸೇರಿಸಿದರು. ಹಿರಿಯರಿಗೆ ಒಂದು ಶಬ್ದವೂ ಅರ್ಥವಾಗಿರಲಿಲ್ಲ. ಹಿಂದಿಯಲ್ಲಿ ಹೇಳಿ ಎಂದು ಅವರು ಕೇಳಬಹುದಿತ್ತು, ಅದು ಅವರ ಹಕ್ಕು. ಕೇಳಲಿಲ್ಲ. ಎಂದಿನ ಪ್ರಶ್ನೆ ಮಾತ್ರ ಕೇಳಿದರು, ಬಹಳ ಮೆಲ್ಲಗೆ.

“ಕುಛ್ ಛೋಡಾ ತೋ ನಹೀಂ?”

“ಇಲ್ರಿ,” ಎಂದೆ, ಕನ್ನಡದಲ್ಲೇ. “ಒಂದಕ್ಷರಾನೂ ಬಿಟ್ಟಿಲ್ರಿ.”